ಮೊದಲ ಚಿತ್ರವೇ ವಯಸ್ಕರ ಹಾಸ್ಯವಾದರೆ ಮುಂದಿನ ದಾರಿ ಮುಚ್ಚಿಹೋಗುತ್ತದೆಯೇ?

ಪ್ರಶ್ನೆ: ನಾನು ರಾಯಚೂರು ಜಿಲ್ಲೆಯ ಸಿಂಧನೂರಿನವನು. ಬೆಂಗಳೂರಿನಲ್ಲಿ ಕೆಲವು ವರ್ಷಗಳಿಂದ ಸಹಾಯಕ ನಿರ್ದೇಶಕನಾಗಿ ದುಡಿಯುತ್ತಿದ್ದೇನೆ. ಈಗ ಸ್ವತಂತ್ರವಾಗಿ ನಿರ್ದೇಶಿಸುವ ಮೊದಲ ಅವಕಾಶ ಬಂದಿದೆ. ಆದರೆ ನಿರ್ಮಾಪಕರಿಗೆ ಬೇಕಿರುವುದು ಡಬಲ್ ಮೀನಿಂಗ್ ಸಂಭಾಷಣೆಯ ವಯಸ್ಕರ ಹಾಸ್ಯ ಚಿತ್ರ. ಒಮ್ಮೆ ಇಂಥದ್ದು ಮಾಡಿದರೆ ಅದೇ ಹಣೆಪಟ್ಟಿ ಅಂಟಿಕೊಳ್ಳುತ್ತದೆ, ಬೇರೆ ಚಿತ್ರಕ್ಕೆ ಯಾರೂ ಕರೆಯುವುದಿಲ್ಲ ಎಂದು ಗೆಳೆಯರು ಹೆದರಿಸುತ್ತಿದ್ದಾರೆ. ಊರಿನಲ್ಲಿ ತಂದೆ ಗೊಬ್ಬರದ ಅಂಗಡಿ ನಡೆಸುತ್ತಾರೆ, ತಂಗಿಗೆ ಗಂಡು ನೋಡುತ್ತಿದ್ದಾರೆ. ಒಪ್ಪಿಕೊಳ್ಳಲೇ, ಬಿಡಲೇ?

ಉತ್ತರ: ಒಪ್ಪಿಕೊಳ್ಳಿ. ಆದರೆ ಎರಡು ವಿಷಯ ನಿಮ್ಮ ಕೈಯಲ್ಲಿರಲಿ. ಚಿತ್ರದಲ್ಲಿ ಪೇಚಿಗೆ ಸಿಲುಕುವವರು ಯಾರು, ಯಾರನ್ನು ನೋಡಿ ಜನ ನಗಬೇಕು ಎಂಬುದನ್ನು ನೀವು ನಿರ್ಧರಿಸಬೇಕು. ಈ ಚಿತ್ರ ತೆರೆಗೆ ಬರುವ ಮೊದಲೇ ನಿಮ್ಮ ಎರಡನೇ ಚಿತ್ರದ ಕಥೆ ಪೂರ್ತಿ ಬರೆದು ಮುಗಿದಿರಬೇಕು. ಗೆಳೆಯರು ಹೇಳುವ ಹಣೆಪಟ್ಟಿ ಸುಳ್ಳಲ್ಲ, ಆದರೆ ಅದನ್ನು ಅಂಟಿಸುವುದು ಎರಡನೇ ಚಿತ್ರ. ಮೊದಲನೆಯದು ಗೆದ್ದ ಮರುದಿನ ಅಂಥದ್ದೇ ಇನ್ನೊಂದು ಬೇಕೆಂದು ಮುಂಗಡ ಹಿಡಿದು ನಾಲ್ಕು ಜನ ಬಾಗಿಲಿಗೆ ಬರುತ್ತಾರೆ. ಕೈಯಲ್ಲಿ ಬೇರೆ ಕಥೆ ಇಲ್ಲದವನು ಆ ಮುಂಗಡ ತೆಗೆದುಕೊಳ್ಳುತ್ತಾನೆ. ಅಲ್ಲಿಂದ ಮುಂದೆ ಅವನ ವೃತ್ತಿ ಅವನ ಕೈಯಲ್ಲಿ ಉಳಿಯುವುದಿಲ್ಲ.

ಇಂಥ ನಗೆ ನಮ್ಮ ಭಾಗಕ್ಕೆ ಬೆಂಗಳೂರಿನಿಂದಲೋ ಮುಂಬೈಯಿಂದಲೋ ಬಂದದ್ದೆಂದು ತಿಳಿಯಬೇಡಿ. ಬಳ್ಳಾರಿ, ಕೊಪ್ಪಳ ಸೀಮೆಯ ತೊಗಲು ಗೊಂಬೆಯಾಟವನ್ನು ನೋಡಿ. 2025ರಲ್ಲಿ ಕೊಪ್ಪಳ ಜಿಲ್ಲೆಯ ಮೋರನಾಳದ ಭೀಮವ್ವ ಶಿಳ್ಳೇಕ್ಯಾತರ ಅವರಿಗೆ ಪದ್ಮಶ್ರೀ ಬಂದಾಗ ನಾಡಿಡೀ ಈ ಕಲೆಯ ಕಡೆ ತಿರುಗಿ ನೋಡಿತು. ರಾಮಾಯಣ, ಮಹಾಭಾರತದ ಕಥೆಗಳು ಬೆಳತನಕ ನಡೆಯುವ ಆ ಆಟದಲ್ಲಿ ಕಿಳ್ಳೇಕ್ಯಾತ ಮತ್ತು ಬಂಗಾರಕ್ಕ ಎಂಬ ಎರಡು ಹಾಸ್ಯದ ಗೊಂಬೆಗಳಿವೆ. ಗಂಡ ಹೆಂಡಿರ ಹಾಸಿಗೆಯ ಜಗಳವನ್ನು ಅವರು ಊರ ಮುಂದೆ ಮುಚ್ಚುಮರೆಯಿಲ್ಲದೆ ಆಡಿಕೊಳ್ಳುತ್ತಾರೆ. ಕೂತವರಲ್ಲಿ ಅತ್ತೆ, ಸೊಸೆ, ಹುಡುಗರು, ಹಿರಿಯರು ಎಲ್ಲರೂ ಇರುತ್ತಾರೆ. ಯಾರೂ ಎದ್ದು ಹೋಗುವುದಿಲ್ಲ. ಬಂಗಾರಕ್ಕನೂ ಪೆಟ್ಟಿಗೆ ಪೆಟ್ಟು ಕೊಡುವವಳಾದ್ದರಿಂದ ಹೆಂಗಸರು ಆ ನಗೆಯಲ್ಲಿ ತಮ್ಮ ಪಾಲನ್ನೂ ಕಾಣುತ್ತಾರೆ. ಆ ಜೋಡಿ ಬಂದು ನಗಿಸಿ ಹೋದ ಮೇಲೆ ಕಥೆ ಮುಂದುವರಿಯುತ್ತದೆ.

ಅದೇ ಸೀಮೆಯಲ್ಲಿ ಇದಕ್ಕೆ ವಿರುದ್ಧವಾದದ್ದೂ ನಡೆದಿದೆ. ಜಾತ್ರೆಗಳಲ್ಲಿ ಡೇರೆ ಹಾಕುವ ಕಂಪನಿ ನಾಟಕಗಳನ್ನು ನೀವೂ ನೋಡಿರುತ್ತೀರಿ. ಒಂದು ಕಾಲದಲ್ಲಿ ಹಾಸ್ಯ ಪಾತ್ರ ಮುಖ್ಯ ಕಥೆಗೆ ಉಸಿರಾಡಲು ಬಿಡುವು ಕೊಡುತ್ತಿತ್ತು. ಟಿವಿ ಬಂದು ಜನ ಕಡಿಮೆಯಾದಂತೆ ಕಂಪನಿಗಳು ಹಾಸ್ಯವನ್ನೇ ಹಿಗ್ಗಿಸಿದವು, ದ್ವಂದ್ವಾರ್ಥವನ್ನೇ ಹಾಸ್ಯ ಎಂದುಕೊಂಡವು. ಮೊದಲು ಶಿಳ್ಳೆ ಜೋರಾಯಿತು. ಆಮೇಲೆ ಹೆಂಗಸರ ಸಾಲು ಖಾಲಿಯಾಯಿತು. ಹೆಂಗಸರು ಬರುವುದನ್ನು ನಿಲ್ಲಿಸಿದ ಮೇಲೆ ಅವರ ಮನೆಯ ಗಂಡಸರೂ ಮಕ್ಕಳೂ ಬರಲಿಲ್ಲ. ಸೊಗಸಾಗಿ ಹಾಡುವ, ಮಾತು ಬಲ್ಲ ಕಲಾವಿದರಿದ್ದ ಕಂಪನಿಗಳು ಹೀಗೆ ತಮ್ಮ ಪ್ರೇಕ್ಷಕರನ್ನು ತಾವೇ ಕಳೆದುಕೊಂಡದ್ದು ನನಗೆ ಇವತ್ತಿಗೂ ನೋವಿನ ಸಂಗತಿ. ನೀವು ಕೈಹಾಕುತ್ತಿರುವ ಬಗೆಯ ಚಿತ್ರಕ್ಕೆ ಇರುವ ಅಪಾಯ ಪೂರ್ತಿಯಾಗಿ ಈ ಕಥೆಯಲ್ಲಿದೆ.

ಈಗ ನಿರ್ದೇಶಕರ ವಿಷಯ. ಕನ್ನಡದಲ್ಲಿ ಈ ದಾರಿ ತುಳಿದವರ ಮಾತು ಬಂದರೆ ಕಾಶೀನಾಥ್ ಅವರಿಂದಲೇ ಶುರು ಮಾಡಬೇಕು. ಅವರನ್ನು ಹೊಸಬರು ಸರಿಯಾಗಿ ಓದಿಕೊಂಡಿಲ್ಲ ಎಂಬುದು ನನ್ನ ದೂರು. ಅವರ ಹೆಸರು ಎತ್ತಿದೊಡನೆ ದ್ವಂದ್ವಾರ್ಥ ಎನ್ನುವವರು, 1978ರ ‘ಅಪರಿಚಿತ’ ಎಂಬ ಪತ್ತೇದಾರಿ ಚಿತ್ರದಿಂದ ಅವರು ಹೆಸರು ಮಾಡಿದರು ಎಂಬುದನ್ನು ಮರೆಯುತ್ತಾರೆ. ಕುತೂಹಲವನ್ನು ಹೇಗೆ ಕಟ್ಟಬೇಕು, ಯಾವ ಮಾಹಿತಿಯನ್ನು ಎಲ್ಲಿಯವರೆಗೆ ಬಚ್ಚಿಡಬೇಕು ಎಂಬ ಕಸುಬು ಅವರಿಗೆ ಆಗಲೇ ಕೈಹತ್ತಿತ್ತು. 1984ರ ‘ಅನುಭವ’ದಲ್ಲಿ ಅದೇ ಕಸುಬನ್ನು ಹಾಸ್ಯಕ್ಕೆ ತಂದರು. ಬಾಲ್ಯವಿವಾಹ, ಹರೆಯದ ಕುತೂಹಲ, ಯಾರೂ ಹೇಳಿಕೊಡದ ಸಂಗತಿಗಳು ಆ ಚಿತ್ರದ ವಸ್ತು. ಮೂಗು ಮುರಿದವರು ಮುರಿದರು, ನೋಡಿದವರು ನೋಡಿದರು. ಎರಡು ವರ್ಷಗಳ ನಂತರ ಅವರೇ ಅದನ್ನು ಹಿಂದಿಯಲ್ಲೂ ಮಾಡಿದರು.

ಕಾಶೀನಾಥ್ ತೆರೆಯ ಮೇಲೆ ತಾವೇ ನಾಯಕರಾಗಿ ನಿಂತಾಗ ಹೇಗಿದ್ದರು ನೆನಪಿಸಿಕೊಳ್ಳಿ. ಸಾಧಾರಣ ಮೈಕಟ್ಟು, ದೊಡ್ಡ ಕನ್ನಡಕ, ತಡವರಿಸುವ ಮಾತು. ಹೆಣ್ಣನ್ನು ಕಂಡರೆ ಆಸೆ, ಹತ್ತಿರ ಬಂದರೆ ಭಯ. ಪ್ರೇಕ್ಷಕ ನಕ್ಕದ್ದು ಆ ಗಂಡಸಿನ ಪೇಚಾಟವನ್ನು ನೋಡಿ. ಅವನಲ್ಲಿ ತನ್ನನ್ನೇ ಕಂಡು ನಕ್ಕ. ನಿರ್ದೇಶಕ ತನ್ನನ್ನೇ ನಗೆಗೆ ಒಡ್ಡಿಕೊಂಡದ್ದರಿಂದ ಚಿತ್ರಕ್ಕೆ ಒಂದು ಪ್ರಾಮಾಣಿಕತೆ ಬಂತು. ಅದೇ ಕಥೆಯನ್ನು ಒಬ್ಬ ಕಟ್ಟುಮಸ್ತಾದ ಆತ್ಮವಿಶ್ವಾಸದ ನಾಯಕನ ಕೈಗೆ ಕೊಟ್ಟಿದ್ದರೆ ಅದು ಹೆಣ್ಣನ್ನು ಬೇಟೆಯಾಡುವವನ ಕಥೆಯಾಗುತ್ತಿತ್ತು.

ಹಣೆಪಟ್ಟಿಯ ಮಾತಿಗೂ ಅವರ ಬದುಕಿನಲ್ಲೇ ಉತ್ತರವಿದೆ. ಉಪೇಂದ್ರ ಮತ್ತು ಸಂಗೀತ ನಿರ್ದೇಶಕ ವಿ. ಮನೋಹರ್ ಕಾಶೀನಾಥ್ ಗರಡಿಯಿಂದ ಬಂದವರು. ಉಪೇಂದ್ರ ನಿರ್ದೇಶನದ ಮೊದಲ ಚಿತ್ರ 1992ರಲ್ಲಿ ಜಗ್ಗೇಶ್ ಅವರಿಗೆ ಮಾಡಿದ ಚೇಷ್ಟೆಯ ಹಾಸ್ಯ. ಎರಡನೆಯದಕ್ಕೆ ಅವರು ಅದನ್ನು ಬಿಟ್ಟು ಭಯ ಹುಟ್ಟಿಸುವ ‘ಶ್!’ ಮಾಡಿದರು, ಮೂರನೆಯದು ರೌಡಿಗಳ ಲೋಕದ ಕಥೆ, 1995ರ ‘ಓಂ’. ಮೂರು ಚಿತ್ರಗಳಲ್ಲಿ ಮೂರು ದಾರಿ. ಎರಡನೇ ಚಿತ್ರದ ಬಗ್ಗೆ ನಾನು ಇಷ್ಟು ಒತ್ತಿ ಹೇಳುವುದು ಇಂಥ ಉದಾಹರಣೆಗಳನ್ನು ನೋಡಿಯೇ. ‘ಅನುಭವ’ದಲ್ಲಿ ನಟಿಸಿ ಮನೆಮಾತಾದ ಉಮಾಶ್ರೀ ಮುಂದೆ ‘ಗುಲಾಬಿ ಟಾಕೀಸ್’ ಚಿತ್ರಕ್ಕೆ ಅತ್ಯುತ್ತಮ ನಟಿ ರಾಷ್ಟ್ರ ಪ್ರಶಸ್ತಿ ಪಡೆದರು, 2013ರಿಂದ ರಾಜ್ಯದ ಸಚಿವೆಯೂ ಆಗಿದ್ದರು. ಕಾಶೀನಾಥ್ ಕೊನೆಯ ವರ್ಷಗಳಲ್ಲಿ, 2017ರ ‘ಚೌಕ’ದಲ್ಲಿ, ತಂದೆಯ ಪಾತ್ರದಲ್ಲಿ ಬಂದಾಗ ಚಿತ್ರಮಂದಿರದಲ್ಲಿ ಕಣ್ಣು ಒರೆಸಿಕೊಂಡವರಲ್ಲಿ ಒಂದು ಕಾಲಕ್ಕೆ ಅವರ ಚಿತ್ರಗಳನ್ನು ಮನೆಯಲ್ಲಿ ಹೇಳದೆ ಹೋಗಿ ನೋಡಿದವರೂ ಇದ್ದರು. 2018ರ ಜನವರಿಯಲ್ಲಿ ಅವರು ತೀರಿಕೊಂಡರು.

ನಿಮ್ಮ ನಿರ್ಮಾಪಕರು ಡಬಲ್ ಮೀನಿಂಗ್ ಎಂದು ಕೇಳಿದ್ದಾರೆ. ಕೊಡಿ. ಆದರೆ ಅದನ್ನು ಹೇಗೆ ಕೊಡಬೇಕು ಎಂಬುದನ್ನು ಒಂದು ದೃಶ್ಯ ಬಿಡಿಸಿ ತೋರಿಸುತ್ತೇನೆ. ನಾನು ಚಿತ್ರಕಥೆ ಕಲಿಯುವವರಿಗೆ ಬರೆಯಲು ಕೊಡುವ ಸನ್ನಿವೇಶ ಇದು.

ಕುಷ್ಟಗಿ ಕಡೆಯ ಒಂದು ಹಳ್ಳಿ, ಏಪ್ರಿಲ್ ತಿಂಗಳು. ಸೆಕೆಗೆ ಒಳಗೆ ಮಲಗಲಾಗದೆ ಮನೆಮಂದಿಯೆಲ್ಲ ಮಾಳಿಗೆಯ ಮೇಲೆ ಕೌದಿ ಹಾಸಿ ಮಲಗುತ್ತಾರೆ. ಅಜ್ಜ, ಅಜ್ಜಿ, ತಂದೆ, ತಾಯಿ, ಚಿಕ್ಕಪ್ಪ, ಮಕ್ಕಳು. ಅವರ ನಡುವೆ ಹೊಸದಾಗಿ ಮದುವೆಯಾದ ಮೊಮ್ಮಗ ಮತ್ತು ಅವನ ಹೆಂಡತಿ. ಒಂದೇ ಒಂದು ಒಳಕೋಣೆ ಇದೆ, ಅದರ ತುಂಬ ಜೋಳದ ಚೀಲ. ಹೊಲದ ಪಂಪ್‌ಸೆಟ್ಟಿಗೆ ತ್ರೀ ಫೇಸ್ ಕರೆಂಟ್ ಬರುವುದು ನಡುರಾತ್ರಿ. ಕರೆಂಟ್ ಬಂತೆಂದು ಮೊಮ್ಮಗ ಎದ್ದು ಹೊಲಕ್ಕೆ ಹೊರಡುತ್ತಾನೆ, ಟಾರ್ಚ್ ಹಿಡಿಯಲು ಹೆಂಡತಿಯೂ ಹೊರಡುತ್ತಾಳೆ.

ಸುಲಭದ ಬರವಣಿಗೆ ಹೀಗಿರುತ್ತದೆ: ಬೆಳಿಗ್ಗೆ ಚಿಕ್ಕಪ್ಪ ಕಣ್ಣು ಹೊಡೆದು, ‘ಏನಪ್ಪ, ರಾತ್ರಿ ಮೋಟಾರ್ ಚೆನ್ನಾಗಿ ಓಡಿತೇ?’ ಎನ್ನುತ್ತಾನೆ. ಹಿನ್ನೆಲೆಯಲ್ಲಿ ಒಂದು ವಿಚಿತ್ರ ಸದ್ದು. ಸೊಸೆ ತಲೆ ತಗ್ಗಿಸುತ್ತಾಳೆ. ಮುಂದಿನ ಸಾಲಿನಿಂದ ಒಂದು ಶಿಳ್ಳೆ ಬರುತ್ತದೆ, ಅಲ್ಲಿಗೆ ಮುಗಿಯಿತು. ಮುಂದಿನ ದೃಶ್ಯಕ್ಕೆ ಮತ್ತೊಂದು ಅಂಥ ಮಾತು ಹುಡುಕಬೇಕು. ಎರಡು ಗಂಟೆಯ ಚಿತ್ರಕ್ಕೆ ಅಂಥ ನೂರು ಮಾತು ಬೇಕು. ಮೂವತ್ತನೆಯದಕ್ಕೇ ಪ್ರೇಕ್ಷಕ ಮೊಬೈಲ್ ತೆಗೆಯುತ್ತಾನೆ.

ಈಗ ಒಂದೇ ಒಂದು ಸಂಗತಿ ಸೇರಿಸಿ. ಹೊಲದ ಪಂಪ್‌ಸೆಟ್ಟಿಗೆ ಕರೆಂಟ್ ಕೊಡುವ ಟಿಸಿ, ಅಂದರೆ ಟ್ರಾನ್ಸ್‌ಫಾರ್ಮರ್, ಸುಟ್ಟು ಎರಡು ದಿನವಾಗಿದೆ. ಅದು ಮಾಳಿಗೆಯ ಮೇಲಿರುವ ಎಲ್ಲರಿಗೂ ಗೊತ್ತು, ನೆಂಟರೂರಿನಿಂದ ಸಂಜೆಯಷ್ಟೇ ಮರಳಿದ ಈ ಜೋಡಿಗೆ ಮಾತ್ರ ಗೊತ್ತಿಲ್ಲ. ನಡುರಾತ್ರಿ ಮೊಮ್ಮಗ ‘ಕರೆಂಟ್ ಬಂದಿರಬೇಕು’ ಎಂದು ಎದ್ದಾಗ ಎಚ್ಚರವಿದ್ದವರೆಲ್ಲ ಗೊರಕೆ ಹೊಡೆಯುವಂತೆ ನಟಿಸುತ್ತಾರೆ. ಪಾಪ, ತಂದೆ ಎದ್ದು ‘ಟಿಸಿ...’ ಎನ್ನಲು ಬಾಯಿ ತೆರೆದರೆ ತಾಯಿ ಕೈ ಜಗ್ಗಿ ಮಲಗಿಸುತ್ತಾಳೆ. ಬೆಳಿಗ್ಗೆ ಅಜ್ಜಿ ಚಹ ಸೋಸುತ್ತ ಕೇಳುತ್ತಾಳೆ: ‘ನೀರು ಎಲ್ಲಿಯವರೆಗೆ ಹರಿಯಿತಪ್ಪ?’ ಮೊಮ್ಮಗ ಧೈರ್ಯವಾಗಿ, ‘ಮೂರು ಮಡಿ ತುಂಬಿತು ನೋಡು’ ಎನ್ನುತ್ತಾನೆ. ಯಾರೂ ಮಾತಾಡುವುದಿಲ್ಲ. ಅಜ್ಜಿ ಎಲ್ಲರಿಗೂ ಚಹ ಕೊಟ್ಟು ಮುಗಿಸಿ ಚಿಕ್ಕಪ್ಪನಿಗೆ ಹೇಳುತ್ತಾಳೆ: ‘ಒಳಕೋಣೆಯ ಜೋಳದ ಚೀಲಗಳನ್ನು ಇವತ್ತೇ ಪಡಸಾಲೆಗೆ ಹಾಕಿಬಿಡು.’

ಈ ದೃಶ್ಯದಲ್ಲಿ ದ್ವಂದ್ವಾರ್ಥವಿದೆ, ಅದೂ ದಂಡಿಯಾಗಿ. ‘ಮೂರು ಮಡಿ’ ಎಂಬ ಮಾತಿಗೆ ಬಳ್ಳಾರಿಯ ಚಿತ್ರಮಂದಿರ ಬಿದ್ದು ಬಿದ್ದು ನಗುತ್ತದೆ ಎಂದು ನಾನು ಬರೆದುಕೊಡುತ್ತೇನೆ. ಆದರೆ ಸೆನ್ಸಾರ್ ಎಂದು ಜನ ಕರೆಯುವ ಪ್ರಮಾಣೀಕರಣ ಮಂಡಳಿಗೆ ಇಲ್ಲಿ ಕತ್ತರಿಸಲು ಏನೂ ಸಿಗುವುದಿಲ್ಲ. ಯಾರ ಮೈಯನ್ನೂ ತೋರಿಸಿಲ್ಲ, ಯಾರನ್ನೂ ಕೀಳಾಗಿ ಕಂಡಿಲ್ಲ. ಮಾತಿನ ಎರಡನೇ ಅರ್ಥವನ್ನು ಸಂಭಾಷಣೆಗಾರ ತುರುಕಿಲ್ಲ, ಸನ್ನಿವೇಶವೇ ಕೊಟ್ಟಿದೆ. ಎಲ್ಲಕ್ಕಿಂತ ಮುಖ್ಯವಾಗಿ ಕಥೆ ಮುಂದೆ ಹೋಗಿದೆ: ಪಡಸಾಲೆಗೆ ಚೀಲ ಬಂದದ್ದೇಕೆ ಎಂದು ಈಗ ಇಡೀ ಓಣಿ ಕೇಳುತ್ತದೆ, ಹೊಸ ಪೇಚು ಹುಟ್ಟುತ್ತದೆ. ಅಜ್ಜಿಯ ಆ ಒಂದು ಮಾತಿನಿಂದ ಹೆಂಗಸರ ಸಾಲು ನಿಮ್ಮ ಕಡೆಗೆ ಬರುತ್ತದೆ. ಒಂದು ಕೋಣೆಯಿಲ್ಲದೆ ಹೊಸ ಸಂಸಾರ ಪಟ್ಟ ಪಾಡು ಆ ಸಾಲಿನಲ್ಲಿ ಕೂತ ಎಷ್ಟೋ ಜನರ ಸ್ವಂತ ಕಥೆ.

ನಾಚಿಕೆ ಎಲ್ಲಿದೆಯೋ ಅಲ್ಲಿ ವಯಸ್ಕರ ಹಾಸ್ಯವಿದೆ. ನಾಚಿಕೆಯೇ ಇಲ್ಲದ ಪಾತ್ರಗಳನ್ನು ಗುಂಪು ಹಾಕಿ ಅಶ್ಲೀಲ ಮಾತಾಡಿಸಿದರೆ ಅಲ್ಲಿ ಕದ್ದುಮುಚ್ಚುವುದೇನೂ ಉಳಿಯುವುದಿಲ್ಲ, ಹಾಗಾಗಿ ನಗುವೂ ಹುಟ್ಟುವುದಿಲ್ಲ. 2016ರ ಹಿಂದಿ ಚಿತ್ರರಂಗವನ್ನು ನೋಡಿ. ಇಂದ್ರ ಕುಮಾರ್ ಎಂಬ ನಿರ್ದೇಶಕರು ತೊಂಬತ್ತರ ದಶಕದಲ್ಲಿ ದೊಡ್ಡ ಕೌಟುಂಬಿಕ ಚಿತ್ರಗಳನ್ನು ಮಾಡಿದವರು. 2004ರಲ್ಲಿ ‘ಮಸ್ತಿ’ ಮಾಡಿದರು, ಮೂರು ಗಂಡಂದಿರ ಕಳ್ಳಾಟ ಮತ್ತು ಭಯ ಅದರಲ್ಲಿತ್ತು. 2013ರ ಎರಡನೇ ಭಾಗದಲ್ಲಿ ಭಯ ಕಡಿಮೆಯಾಗಿ ಮೈಯೇ ಹೆಚ್ಚಾಯಿತು, ಆದರೂ ಗಲ್ಲಾಪೆಟ್ಟಿಗೆ ತುಂಬಿತು. ಹಾಗೆ ತುಂಬಿದ್ದನ್ನು ನೋಡಿ 2016ರ ಜನವರಿಯಲ್ಲೇ ಅದೇ ಜಾತಿಯ ಎರಡು ಚಿತ್ರಗಳು ಬಂದವು, ಜುಲೈಯಲ್ಲಿ ‘ಮಸ್ತಿ’ಯ ಮೂರನೇ ಭಾಗವೂ ಬಂತು. ಮೂರೂ ಸೋತವು. ಮೂರನೇ ಭಾಗ ಬಿಡುಗಡೆಗೆ ಮೊದಲೇ ಅಂತರ್ಜಾಲದಲ್ಲಿ ಸೋರಿಹೋಗಿತ್ತು ಎಂಬುದು ನಿಜ. ಆದರೆ ಸೋರಿಕೆಯೊಂದನ್ನೇ ದೂರುವುದು ಸರಿಯಲ್ಲ. ಮೊಬೈಲಿನಲ್ಲಿ ಎಲ್ಲವೂ ಬಿಟ್ಟಿಯಾಗಿ ಸಿಗುವ ಕಾಲದಲ್ಲಿ ಮೈ ನೋಡಲು ಯಾರೂ ಟಿಕೆಟ್ ಕೊಳ್ಳುವುದಿಲ್ಲ. ಪಕ್ಕದಲ್ಲಿ ಕೂತವರೊಂದಿಗೆ ಸೇರಿ ನಗಲು ಮಾತ್ರ ಕೊಳ್ಳುತ್ತಾರೆ.

ದಾದಾ ಕೊಂಡ್ಕೆ ಅವರನ್ನು ಈ ಜಾತಿಯ ಚಿತ್ರಗಳ ದೊಡ್ಡಪ್ಪ ಎನ್ನಬಹುದು. ಮರಾಠಿಯ ಲೋಕನಾಟ್ಯದಿಂದ ಬಂದವರು. 1971ರಲ್ಲಿ ‘ಸೋಂಗಾಡ್ಯಾ’ ನಿರ್ಮಿಸಿ ನಟಿಸಿದರು, 1975ರ ‘ಪಾಂಡು ಹವಾಲ್ದಾರ್’ನಿಂದ ತಾವೇ ನಿರ್ದೇಶಿಸತೊಡಗಿದರು. ಅವರ ಒಂಬತ್ತು ಚಿತ್ರಗಳು ಸಾಲಾಗಿ ಇಪ್ಪತ್ತೈದು ವಾರ ಓಡಿ ಗಿನ್ನೆಸ್ ದಾಖಲೆ ಸೇರಿದವು. ಜೋಲುವ ಚಡ್ಡಿಯ ಪೆದ್ದ ಹಳ್ಳಿಗನ ವೇಷ, ಪಕ್ಕದಲ್ಲಿ ಅವನನ್ನು ಗದರಿಸುವ ತಾಯಿ. ತಾಯಿಯ ಪಾತ್ರದಲ್ಲಿ ಹೆಚ್ಚುಕಡಿಮೆ ಯಾವಾಗಲೂ ರತ್ನಮಾಲಾ ಎಂಬ ನಟಿ. ಆ ತಾಯಿ ತೆರೆಯ ಮೇಲಿದ್ದಷ್ಟು ಹೊತ್ತು ಮಗ ಎಷ್ಟು ಚೇಷ್ಟೆ ಮಾಡಿದರೂ ಕುಟುಂಬಗಳು ಕೂತು ನೋಡಿದವು. ನಮ್ಮ ಮಾಳಿಗೆಯ ದೃಶ್ಯದ ಅಜ್ಜಿಯ ಪಾತ್ರಕ್ಕೂ ಇದೇ ಕೆಲಸವಿದೆ.

ಕನ್ನಡದಲ್ಲಿ ಇತ್ತೀಚಿನವರೆಂದರೆ ವಿಜಯ ಪ್ರಸಾದ್. 2012ರ ‘ಸಿದ್ಲಿಂಗು’, 2016ರ ‘ನೀರ್ ದೋಸೆ’, 2022ರಲ್ಲಿ ‘ಪೆಟ್ರೋಮ್ಯಾಕ್ಸ್’ ಮತ್ತು ‘ತೋತಾಪುರಿ’. ‘ನೀರ್ ದೋಸೆ’ಯನ್ನು ನೀವು ಕಾಗದ ಪೆನ್ನು ಹಿಡಿದು ನೋಡಬೇಕು. ಹೆಣ ಸಾಗಿಸುವ ವಾಹನದ ಚಾಲಕ, ಒಬ್ಬ ಲೈಂಗಿಕ ಕಾರ್ಯಕರ್ತೆ, ಒಬ್ಬ ವಯಸ್ಸಾದ ಒಂಟಿ ಗಂಡಸು. ತುಂಟ ಮಾತುಗಳ ಕೆಳಗೆ ಇವರೆಲ್ಲರ ಒಂಟಿತನ ಹರಿಯುತ್ತದೆ. ದತ್ತಣ್ಣನಂಥ ಹಿರಿಯ ನಟರ ಬಾಯಲ್ಲಿ ಆ ಮಾತುಗಳು ಬಂದಾಗ ಅದಕ್ಕೆ ಬೇರೆಯೇ ತೂಕ. ಆಮೇಲಿನ ಅವರ ಚಿತ್ರಗಳಲ್ಲಿ ಮಾತು ಪಾತ್ರಗಳಿಗಿಂತ ಮುಂದೆ ಓಡುತ್ತದೆ ಎಂದು ನನಗೆ ಅನಿಸಿದೆ. ಒಬ್ಬನೇ ಬರೆಯುವ ಮಾತನ್ನು ಎಲ್ಲ ಪಾತ್ರಗಳೂ ಆಡುತ್ತಿವೆ ಎಂಬ ಭಾವನೆ ಬರುತ್ತದೆ. ಆದರೂ ತಮ್ಮದೇ ಲೋಕ, ತಮ್ಮದೇ ನುಡಿಗಟ್ಟು ಇರುವ ನಿರ್ದೇಶಕರೆಂದು ಅವರ ಮೇಲೆ ನನಗೆ ಗೌರವವಿದೆ.

ಬಳ್ಳಾರಿ, ರಾಯಚೂರುಗಳ ಚಿತ್ರಮಂದಿರಗಳಲ್ಲಿ ತೆಲುಗು ಚಿತ್ರ ಕನ್ನಡದಷ್ಟೇ ಓಡುವುದರಿಂದ ತೆಲುಗು ನಿರ್ದೇಶಕ ಮಾರುತಿಯ ಹೆಸರು ನಿಮಗೆ ಹೊಸದಲ್ಲ. 2012ರಲ್ಲಿ ಫೋಟೊ ತೆಗೆಯುವ ಕ್ಯಾಮೆರಾದಲ್ಲೇ ಚಿತ್ರೀಕರಿಸಿದ ‘ಈ ರೋಜುಲ್ಲೋ’, ಅದೇ ವರ್ಷ ‘ಬಸ್ ಸ್ಟಾಪ್’. ಎರಡೂ ಗೆದ್ದವು, ಎರಡಕ್ಕೂ ಅಶ್ಲೀಲ ಎಂಬ ಬೈಗುಳ ಬಿತ್ತು. ಅದನ್ನು ದಾಟಲು ಅವರಿಗೆ ಸಮಯ ಹಿಡಿಯಿತು. 2015ರಲ್ಲಿ ನಾನಿ ನಾಯಕರಾದ, ಮರೆಗುಳಿ ಹುಡುಗನ ‘ಭಲೇ ಭಲೇ ಮಗಾಡಿವೋಯ್’ ಬಂದ ಮೇಲೆ ಅದೇ ಜನ ಅವರನ್ನು ಕುಟುಂಬಗಳ ನಿರ್ದೇಶಕ ಎಂದರು. ಗಮನಿಸಿ, ಅಲ್ಲಿಯೂ ಕಥೆ ಇರುವುದು ಒಬ್ಬ ತನ್ನ ದೌರ್ಬಲ್ಯವನ್ನು ಮುಚ್ಚಿಟ್ಟುಕೊಳ್ಳಲು ಪಡುವ ಪಾಡಿನಲ್ಲಿ. ವಸ್ತು ಬದಲಾಯಿತು, ಕಸುಬು ಅದೇ ಇತ್ತು.

ಕಾನೂನು ಮತ್ತು ಹಣದ ವಿಷಯವನ್ನು ಚುಟುಕಾಗಿ ಹೇಳುತ್ತೇನೆ, ಆದರೆ ಕಡೆಗಣಿಸಬೇಡಿ. ಚಿತ್ರ ಪ್ರಮಾಣೀಕರಣಕ್ಕೆ ಆಧಾರ 1952ರ ಸಿನಿಮಾಟೋಗ್ರಾಫ್ ಕಾಯ್ದೆ. ಅದರಡಿ 1991ರಲ್ಲಿ ಹೊರಡಿಸಿದ ಮಾರ್ಗಸೂಚಿಯಲ್ಲಿ, ಕೀಳು ಪ್ರವೃತ್ತಿಗಳನ್ನು ತಣಿಸಲೆಂದೇ ಬಳಸುವ ದ್ವಂದ್ವಾರ್ಥದ ಪದಗಳಿಗೆ ಅವಕಾಶವಿಲ್ಲ ಎಂಬ ಅಂಶ ಪ್ರತ್ಯೇಕವಾಗಿಯೇ ಇದೆ. ಹೆಣ್ಣನ್ನು ಕೀಳಾಗಿಸುವ ದೃಶ್ಯಗಳ ಬಗ್ಗೆಯೂ ಇದೆ. ಅಂದರೆ ವಯಸ್ಕರಿಗೆ ಮಾತ್ರ ಎಂಬ ‘ಎ’ ಪ್ರಮಾಣಪತ್ರ ತೆಗೆದುಕೊಂಡರೆ ಏನು ಬೇಕಾದರೂ ಹೇಳಬಹುದು ಎಂಬ ನಿರ್ಮಾಪಕರ ಲೆಕ್ಕ ತಪ್ಪು. 2023ರ ತಿದ್ದುಪಡಿಯ ನಂತರ, ಹೆತ್ತವರ ಮಾರ್ಗದರ್ಶನದಲ್ಲಿ ಮಕ್ಕಳೂ ನೋಡಬಹುದಾದ ‘ಯುಎ’ ವಿಭಾಗವನ್ನು 7, 13 ಮತ್ತು 16 ವರ್ಷ ಮೇಲ್ಪಟ್ಟವರಿಗೆ ಎಂದು ಮೂರಾಗಿ ಒಡೆದಿದ್ದಾರೆ. ನಿಮ್ಮಂಥ ಚಿತ್ರಕ್ಕೆ ‘ಯುಎ 16’ ಒಳ್ಳೆಯ ಗುರಿ. ‘ಎ’ ಸಿಕ್ಕ ಚಿತ್ರ ಹಾಗೆಯೇ ಟಿವಿಗೆ ಹೋಗುವಂತಿಲ್ಲ. ಕತ್ತರಿಸಿ, ಟಿವಿಗೆಂದು ಬೇರೆ ಪ್ರಮಾಣಪತ್ರ ಪಡೆಯಬೇಕು. ಸಣ್ಣ ಬಜೆಟ್ಟಿನ ಚಿತ್ರಕ್ಕೆ ಟಿವಿ ಹಕ್ಕಿನ ಹಣ ತಪ್ಪಿದರೆ ನಿರ್ಮಾಪಕರು ಕೈ ಸುಟ್ಟುಕೊಳ್ಳುತ್ತಾರೆ, ಕೈ ಸುಟ್ಟುಕೊಂಡವರು ನಿಮ್ಮನ್ನು ಎರಡನೇ ಚಿತ್ರಕ್ಕೆ ಕರೆಯುವುದಿಲ್ಲ. ಈ ಮಾತನ್ನು ಅವರ ಮುಂದೆ ಲೆಕ್ಕದ ಭಾಷೆಯಲ್ಲೇ ಇಡಿ, ನೀತಿಯ ಭಾಷೆಯಲ್ಲಿ ಇಟ್ಟರೆ ಕೇಳಿಸಿಕೊಳ್ಳುವುದಿಲ್ಲ. ಮಂಡಳಿಯ ಮೊದಲ ಸಮಿತಿಯ ತೀರ್ಮಾನ ಒಪ್ಪಿಗೆಯಾಗದಿದ್ದರೆ ಪರಿಷ್ಕರಣಾ ಸಮಿತಿ ಇದೆ. ಮೇಲ್ಮನವಿ ನ್ಯಾಯಮಂಡಳಿಯನ್ನು 2021ರಲ್ಲಿ ರದ್ದು ಮಾಡಿರುವುದರಿಂದ ಅದಾದ ಮೇಲೆ ಹೈಕೋರ್ಟಿಗೇ ಹೋಗಬೇಕು. ಬಿಡುಗಡೆಯ ದಿನಾಂಕ ಘೋಷಿಸಿಕೊಂಡು ಕೋರ್ಟಿಗೆ ಅಲೆಯುವ ಶಕ್ತಿ ಹೊಸ ನಿರ್ದೇಶಕನಿಗೆ ಇರುವುದಿಲ್ಲ, ಬರೆಯುವಾಗಲೇ ಎಚ್ಚರವಿರಲಿ.

ನಾನು ಯಾವ ಬೆಲೆಗೂ ಒಪ್ಪದ ಹಾಸ್ಯಗಳಿವೆ. ಬಲಾತ್ಕಾರವನ್ನು ತಮಾಷೆ ಮಾಡುವುದು, ದಪ್ಪಗಿರುವ ಹೆಂಗಸು ತೆರೆಗೆ ಬಂದೊಡನೆ ಸದ್ದು ಹಾಕುವುದು, ಲಿಂಗತ್ವ ಅಲ್ಪಸಂಖ್ಯಾತರನ್ನು ಕಂಡು ನಾಯಕ ಓಡುವುದು, ಮನೆಗೆಲಸದವಳನ್ನು ಯಜಮಾನ ಮುಟ್ಟುವುದು. ಇವುಗಳಲ್ಲಿ ಪೇಚಿಗೆ ಸಿಲುಕುವವರು ತಿರುಗಿ ಮಾತಾಡಲಾಗದವರು. ನಿಮ್ಮ ಚಿತ್ರಕಥೆಯಲ್ಲಿ ಇವುಗಳಲ್ಲಿ ಒಂದಿದ್ದರೂ ತೆಗೆದುಹಾಕಿ. ನಿರ್ಮಾಪಕರು ಇರಲೇಬೇಕೆಂದು ಹಟ ಹಿಡಿದರೆ ಆ ಅವಕಾಶ ಬಿಟ್ಟುಬಿಡಿ.

ಚಿತ್ರೀಕರಣದ ಸ್ಥಳದ ಬಗ್ಗೆ ಯಾರೂ ಕೇಳುವುದಿಲ್ಲ, ಆದರೆ ನಿರ್ದೇಶಕನ ಹೆಸರು ಮೊದಲು ಕೆಡುವುದೋ ಉಳಿಯುವುದೋ ಅಲ್ಲಿಯೇ. ನಟಿಗೆ ಕಥೆ ಹೇಳುವಾಗ ಒಂದು ದೃಶ್ಯವನ್ನೂ ಬಿಡದೆ, ಸಂಭಾಷಣೆಯ ಸಮೇತ ಹೇಳಿ. ಆಲಿಂಗನ, ಹಾಸಿಗೆಯ ದೃಶ್ಯಗಳಿದ್ದರೆ ಅವು ಎಲ್ಲಿಂದ ಎಲ್ಲಿಯವರೆಗೆ ಎಂಬುದನ್ನು ಕಾಗದದಲ್ಲಿ ಬರೆದು ಸಹಿ ಪಡೆಯಿರಿ, ಸೆಟ್ಟಿನಲ್ಲಿ ಅದಕ್ಕೆ ಒಂದು ಅಂಗುಲವನ್ನೂ ಸೇರಿಸಬೇಡಿ. ಹತ್ತು ಅಥವಾ ಹೆಚ್ಚು ಜನ ಕೆಲಸ ಮಾಡುವ ಕಡೆ ಲೈಂಗಿಕ ಕಿರುಕುಳದ ದೂರು ಕೇಳಲು ಆಂತರಿಕ ಸಮಿತಿ ಇರಲೇಬೇಕು ಎಂದು 2013ರ ಕಾಯ್ದೆ ಹೇಳುತ್ತದೆ. ಸಿನಿಮಾ ಸೆಟ್ಟಿನಲ್ಲಿ ಹತ್ತಕ್ಕಿಂತ ಕಡಿಮೆ ಜನ ಎಂದಾದರೂ ಇರುತ್ತಾರೆಯೇ? ಸಮಿತಿಯನ್ನು ಮೊದಲ ದಿನವೇ ರಚಿಸಲು ನಿರ್ಮಾಪಕರಿಗೆ ಹೇಳಿ. ಈ ಬಗೆಯ ಚಿತ್ರ ಮಾಡುವವನ ಸೆಟ್ಟಿನಲ್ಲಿ ಹೆಣ್ಣುಮಕ್ಕಳು ನೆಮ್ಮದಿಯಾಗಿದ್ದರು ಎಂಬ ಮಾತು ಹೊರಗೆ ಹರಡಿದರೆ ಮುಂದಿನ ಚಿತ್ರಕ್ಕೆ ಒಳ್ಳೆಯ ನಟಿಯರು ತಾವಾಗಿಯೇ ಬರುತ್ತಾರೆ.

ಇನ್ನು ನಿಮ್ಮ ಮನೆ. ತಂದೆಯವರ ಅಂಗಡಿಗೆ ಬರುವ ರೈತರಲ್ಲಿ ಚಿತ್ರ ನೋಡುವವರು ಕೆಲವರು, ಬಸ್ ನಿಲ್ದಾಣದ ಗೋಡೆಯ ಪೋಸ್ಟರ್ ನೋಡುವವರು ಎಲ್ಲರೂ. ನಿಮ್ಮ ತಂಗಿಯ ಬೀಗರಾಗುವವರೂ ಅದನ್ನೇ ನೋಡುತ್ತಾರೆ. ಹಾಗಾಗಿ ಚಿತ್ರಕ್ಕಿಂತ ಹೆಚ್ಚಿನ ಕಾಳಜಿ ಪೋಸ್ಟರ್ ಮೇಲಿರಲಿ. ಒಳಗೆ ಸಭ್ಯವಾಗಿರುವ ಎಷ್ಟೋ ಚಿತ್ರಗಳ ಮಾನವನ್ನು ಪ್ರಚಾರ ವಿಭಾಗ ಹೊರಗೆ ಹರಾಜು ಹಾಕಿದೆ. ಹೆಣ್ಣಿನ ದೇಹವನ್ನು ಅಸಭ್ಯವಾಗಿ ತೋರಿಸುವ ಜಾಹೀರಾತಿಗೆ 1986ರ ಕಾಯ್ದೆಯ ತಡೆ ಇದೆ ಎಂಬುದನ್ನು ನಿರ್ಮಾಪಕರಿಗೆ ನೆನಪಿಸಿ. ಶೀರ್ಷಿಕೆ, ಪೋಸ್ಟರ್, ಟ್ರೇಲರ್ ಮೂರಕ್ಕೂ ನಿಮ್ಮ ಲಿಖಿತ ಒಪ್ಪಿಗೆ ಬೇಕು ಎಂಬ ಸಾಲನ್ನು ಒಪ್ಪಂದದಲ್ಲಿ ಸೇರಿಸಿ. ಮೊದಲ ಚಿತ್ರದವನಿಗೆ ಇಷ್ಟೆಲ್ಲ ಕೊಡುತ್ತಾರೆಯೇ ಎಂದು ನೀವು ಕೇಳಬಹುದು. ಸಂಭಾವನೆಯಲ್ಲಿ ಸ್ವಲ್ಪ ಬಿಟ್ಟುಕೊಟ್ಟರೆ ಕೊಡುತ್ತಾರೆ, ಬಿಟ್ಟುಕೊಡಿ. ಶೀರ್ಷಿಕೆಯನ್ನು ಚಲನಚಿತ್ರ ವಾಣಿಜ್ಯ ಮಂಡಳಿಯಲ್ಲಿ ನೋಂದಾಯಿಸುವ ಮೊದಲೇ ಈ ಮಾತು ಮುಗಿಯಲಿ, ಆಮೇಲೆ ಬದಲಿಸುವುದು ಕಷ್ಟ.

ತಂದೆಯವರಿಗೆ ಕಥೆಯನ್ನು ನೀವೇ ಊರಿಗೆ ಹೋಗಿ ಹೇಳಿ, ಫೋನಿನಲ್ಲಿ ಬೇಡ. ಬೇರೆಯವರ ಬಾಯಿಂದ ಕೇಳಿದರೆ ಅವರಿಗೆ ಅವಮಾನ, ಮಗನ ಬಾಯಿಂದ ಕೇಳಿದರೆ ಸ್ವಲ್ಪ ಮುಜುಗರ, ಅಷ್ಟೇ. ಪೂರ್ತಿ ಹೇಳಿ. ಎಲ್ಲಿ ಅವರು ನಕ್ಕರು, ಎಲ್ಲಿ ಬೇರೆ ಕಡೆ ನೋಡಿದರು ಎಂಬುದನ್ನು ಗುರುತು ಹಾಕಿಕೊಳ್ಳಿ. ತಾಯಿ ಅಡುಗೆಮನೆಯ ಬಾಗಿಲಲ್ಲಿ ನಿಂತು ಕೇಳಿಸಿಕೊಂಡರೆ ಇನ್ನೂ ಒಳ್ಳೆಯದು. ಬೆಂಗಳೂರಿನ ಯಾವ ಕಥಾ ಚರ್ಚೆಯಲ್ಲೂ ನಿಮಗೆ ಇಷ್ಟು ನಿಖರವಾದ ಪರೀಕ್ಷೆ ಸಿಗುವುದಿಲ್ಲ. ಅವರು ಬೇರೆ ಕಡೆ ನೋಡಿದ ಜಾಗಗಳನ್ನು ಮತ್ತೆ ಬರೆಯಿರಿ.

ಮುಂಗಡ ಪಡೆದ ದಿನವೇ ಎರಡನೇ ಕಥೆಗೆ ಕೂರಿ. ಅದು ಹಾಸ್ಯವಾದರೂ ಆಗಲಿ, ಆದರೆ ಈ ಜಾತಿಯದು ಬೇಡ. ನಿಮ್ಮ ಕಾಲುವೆಯ ಕೊನೆಯ ಭಾಗದ ನೀರಿನ ಜಗಳವಿದೆ, ಗೊಬ್ಬರದಂಗಡಿಯ ಉದ್ರಿ ಲೆಕ್ಕದ ಪುಸ್ತಕವಿದೆ, ಅವುಗಳಲ್ಲಿ ಎಂತೆಂಥ ಮನುಷ್ಯರಿದ್ದಾರೆ ಎಂಬುದು ನಿಮಗೇ ಗೊತ್ತು. ಕಥೆಯ ಪೂರ್ಣ ಪ್ರತಿಯನ್ನು ನೋಂದಾಯಿಸಿ ಇಟ್ಟುಕೊಳ್ಳಿ. ಮೊದಲ ಚಿತ್ರದ ಟ್ರೇಲರ್ ಕತ್ತರಿಸುವ ದಿನ ಮಾತ್ರ ಯಾವ ಕೆಲಸವಿದ್ದರೂ ಬಿಟ್ಟು ಸಂಕಲನದ ಕೋಣೆಯಲ್ಲಿ ನೀವೇ ಕೂತಿರಿ.